ಮೂರು ತಲೆ, ನಾಲ್ಕು ಕೈ ಮತ್ತು ನಾವು ಕತ್ತರಿಸಿದ ಫೋಟೋ

ಕಳೆದ ಸಂಚಿಕೆಯಲ್ಲಿ ಬಂದ ನುಬಿಯಾದ (ಈಜಿಪ್ಟಿನ ದಕ್ಷಿಣಕ್ಕಿರುವ, ಈಗಿನ ಸುಡಾನಿನ ಕಡೆಯ ನೈಲ್ ಸೀಮೆಯ) ಪಿರಮಿಡ್ಡುಗಳ ಲೇಖನ ಓದಿ ಸಾಗರದ ಕಡೆಯ ನಿವೃತ್ತ ಡ್ರಾಯಿಂಗ್ ಮೇಷ್ಟ್ರೊಬ್ಬರು ನಾಲ್ಕು ಪುಟದ ಪತ್ರ ಬರೆದಿದ್ದಾರೆ. ಜೊತೆಗೆ ಒಂದು ಪೆನ್ಸಿಲ್ ಚಿತ್ರ ಇಟ್ಟಿದ್ದಾರೆ. ಅವರ ತಕರಾರು ಇಷ್ಟು: “ಸುಡಾನಿನ ನಾಕಾ ಎಂಬಲ್ಲಿ ಗುಡಿಯ ಗೋಡೆ ಮೇಲೆ ಮೂರು ತಲೆ, ನಾಲ್ಕು ಕೈಯ ದೇವರಿದ್ದಾನೆ. ಇದು ನಮ್ಮ ದತ್ತಾತ್ರೇಯನೇ. ಇಲ್ಲಿಂದ ಹೋದದ್ದು ಎಂದು ಬರೆಯಲು ನಿಮಗೇನು ಸಂಕೋಚ? ಪಿರಮಿಡ್ಡನ್ನಂತೂ ಅವರು ಈಜಿಪ್ಟಿನಿಂದ ಕಾಪಿ ಹೊಡೆದರು. ಅವರದ್ದೇ ಅನ್ನುವಂಥದ್ದು ಏನಿದೆ? ಅವರ ಲಿಪಿಯನ್ನಾದರೂ ಯಾರಾದರೂ ಓದಿದ್ದಾರಾ? ಅಲ್ಲಿಗೆ ಒಮ್ಮೆ ಹೋಗಿ ಬರಬಹುದಾ?”

ಸಂಪಾದಕರ ಉತ್ತರ:

ಮೇಷ್ಟ್ರೇ, ನಮಸ್ಕಾರ. ಮೊದಲು ನಿಮ್ಮ ಚಿತ್ರದ ಬಗ್ಗೆ. ಸಿಂಹದ ಮೂತಿ, ಕೇಸರ, ಕಿರೀಟ ಎಲ್ಲ ಚೆನ್ನಾಗಿ ಬಂದಿವೆ. ಆದರೆ ಅದರಲ್ಲಿ ದೇವರು ಒಬ್ಬನೇ ನಿಂತಿದ್ದಾನೆ. ತಪ್ಪು ನಿಮ್ಮದಲ್ಲ, ನಮ್ಮದು. ಕಳೆದ ಸಂಚಿಕೆಯಲ್ಲಿ ಆ ಗೋಡೆಯ ಫೋಟೋ ಒಂದು ಕಾಲಮ್ಮಿಗೆ ಕೂರಲಿಲ್ಲ ಅಂತ ಎಡ ಬಲ ಎರಡೂ ಕಡೆ ಕತ್ತರಿಸಿ ಹಾಕಿದೆವು. ನಿಮ್ಮ ಪ್ರಶ್ನೆಗೆ ಉತ್ತರ ಆ ಕತ್ತರಿಸಿದ ತುಂಡುಗಳಲ್ಲೇ ಇತ್ತು.

ಆ ದೇವರ ಹೆಸರು ಅಪೆಡೆಮಾಕ್. ಯುದ್ಧದ ದೇವರು, ಸಿಂಹಮುಖ. ಗುಡಿ ಕಟ್ಟಿಸಿದವರು ಕ್ರಿ.ಶ. 1ನೇ ಶತಮಾನದಲ್ಲಿ ಮೆರೊಯಿ ಎಂಬ ರಾಜಧಾನಿಯಿಂದ ನುಬಿಯಾದ ಕುಶ್ ರಾಜ್ಯವನ್ನು ಆಳಿದ ನಟಕಮನಿ ಎಂಬ ಅರಸ ಮತ್ತು ಅಮನಿಟೋರೆ ಎಂಬ ಅರಸಿ. ಗುಡಿಯ ಮುಂಭಾಗದಲ್ಲಿ ಇಬ್ಬರೂ ಶತ್ರುಗಳನ್ನು ಬಡಿಯುತ್ತಿರುವ ಕೆತ್ತನೆ ಇದೆ. ಅರಸನಷ್ಟೇ ಎತ್ತರಕ್ಕೆ ಅರಸಿಯೂ ಇದ್ದಾಳೆ. ಗಟ್ಟಿಮುಟ್ಟು ಮೈ, ಉದ್ದನೆ ಉಗುರು, ಕೈಯಲ್ಲಿ ಆಯುಧ. ಅರಸನ ಹಿಂದೆ ಅಳುಕಿ ನಿಂತ ಹೆಂಗಸಲ್ಲ.

ಈಗ ಗುಡಿಯ ಸುತ್ತ ಒಂದು ಪ್ರದಕ್ಷಿಣೆ ಬನ್ನಿ. ದಕ್ಷಿಣದ ಗೋಡೆಯಲ್ಲಿ ದೇವರುಗಳ ಸಾಲು ನಿಂತಿದೆ, ಎಲ್ಲರಿಗಿಂತ ಮುಂದೆ ಅಪೆಡೆಮಾಕ್. ರಾಜಮನೆತನದವರು ಒಂದೇ ದಿಕ್ಕಿನಿಂದ ಎದುರು ಬಂದಿದ್ದಾರೆ. ಅಲ್ಲಿ ಅವನಿಗೆ ತಲೆ ಒಂದೇ, ಕೈ ಎರಡೇ. ಹಿಂಭಾಗದ ಗೋಡೆಗೆ ಬಂದರೆ ಅದೇ ದೇವರು ನಟ್ಟನಡುವೆ ಇದ್ದಾನೆ. ರಾಜಮನೆತನದವರು ಎಡದಿಂದಲೂ ಬಂದಿದ್ದಾರೆ, ಬಲದಿಂದಲೂ ಬಂದಿದ್ದಾರೆ. ಮೂರು ತಲೆ ಮೂಡುವುದು ಇಲ್ಲಿ ಮಾತ್ರ.

ನೀವು ಎಷ್ಟೋ ವರ್ಷ ಮಕ್ಕಳಿಗೆ ಚಿತ್ರ ಕಲಿಸಿದವರು, ನೀವೇ ಹೇಳಿ. ಆ ಗುಡಿಯ ಶಿಲ್ಪಿ ನೀವೇ ಅಂದುಕೊಳ್ಳಿ. ನಿಮ್ಮ ಸಂಪ್ರದಾಯದಲ್ಲಿ ಮುಖವನ್ನು ಪಕ್ಕದಿಂದಲೇ ಬರೆಯಬೇಕು. ಎರಡು ಕಡೆಯಿಂದ ಭಕ್ತರು ಬಂದಿದ್ದಾರೆ. ದೇವರು ಯಾರಿಗೂ ಬೆನ್ನು ತೋರಿಸುವ ಹಾಗಿಲ್ಲ. ಹೇಗೆ ಬರೆಯುತ್ತೀರಿ? ಒಂದು ಮುಖ ಈ ಕಡೆಗೆ, ಒಂದು ಮುಖ ಆ ಕಡೆಗೆ, ಒಂದು ನೇರಕ್ಕೆ. ಎರಡು ಕೈ ಇವರಿಗೆ, ಎರಡು ಕೈ ಅವರಿಗೆ. ಇದು ಪುರಾಣದ ಲೆಕ್ಕಕ್ಕಿಂತ ಜಾಸ್ತಿ ಗೋಡೆಯ ಲೆಕ್ಕ. ಹತ್ತಿರದಲ್ಲೇ ಇರುವ ಮುಸವ್ವರಾತ್‌ನಲ್ಲಿ ಕ್ರಿ.ಪೂ. 3ನೇ ಶತಮಾನದ, ಅಂದರೆ ಇನ್ನೂ ಹಳೆಯ ಗುಡಿಯೊಂದು ಇದೇ ದೇವರದ್ದಿದೆ. ಅಲ್ಲೂ ಒಂದೇ ತಲೆ.

ನಿಮ್ಮ ಹಾಗೆ ಯೋಚಿಸಿದವರು ಮೊದಲೂ ಇದ್ದರು ಅನ್ನಿ. ಬ್ರಿಟಿಷರ ಕಾಲದಲ್ಲಿ ಸುಡಾನಿನ ಪುರಾತತ್ವ ನೋಡಿಕೊಳ್ಳುತ್ತಿದ್ದ ಎ.ಜೆ. ಆರ್ಕೆಲ್ ಕೂಡ ಇಲ್ಲಿ ಭಾರತದ ಪ್ರಭಾವ ಕಂಡಿದ್ದರು. ಆದರೆ ಕಾಲ ಹೊಂದುವುದಿಲ್ಲ. ನಾಕಾದ ಗುಡಿ ಏಳುವ ಹೊತ್ತಿಗೆ ನಮ್ಮಲ್ಲೇ, ಮಥುರೆಯ ಕಡೆ, ನಾಲ್ಕು ಕೈಯ ವಿಗ್ರಹಗಳು ಆಗಷ್ಟೇ ಶುರುವಾಗುತ್ತಿದ್ದವು. ಮೂರು ತಲೆಯ ದತ್ತನ ವಿಗ್ರಹಗಳು ಅದಕ್ಕಿಂತ ಎಷ್ಟೋ ಶತಮಾನ ಈಚಿನವು.

ಹಾಗಂತ ನಮಗೂ ಆ ಕಡೆಗೂ ಸಂಬಂಧವೇ ಇರಲಿಲ್ಲ ಅಂತಲ್ಲ. ಕೆಂಪು ಸಮುದ್ರದ ದಡದ ಬೆರೆನೀಕೆ ಬಂದರಿನಲ್ಲಿ ಒಂದು ಭಾರತೀಯ ಜಾಡಿಯೊಳಗೆ ಸುಮಾರು 7.5 ಕಿಲೋ ಕರಿಮೆಣಸು ಸಿಕ್ಕಿದೆ. ಅಲ್ಲಿ ಬುದ್ಧನ ಅಮೃತಶಿಲೆಯ ಪ್ರತಿಮೆ ಸಿಕ್ಕಿದ್ದು 2023ರಲ್ಲಿ ಸುದ್ದಿಯಾಯಿತು. ಆಕ್ಸಿರಿಂಕಸ್ ಎಂಬ ಊರಲ್ಲಿ ಸಿಕ್ಕ ಹಳೆಯ ಗ್ರೀಕ್ ಪ್ರಹಸನದಲ್ಲಿ ಕನ್ನಡ ಮಾತಿದೆ ಎಂದು ಆರ್. ಶಾಮಶಾಸ್ತ್ರಿಗಳು ವಾದಿಸಿದ್ದು ನಿಮಗೆ ಗೊತ್ತೇ ಇದೆ, ಅದರ ಜಗಳ ಇನ್ನೂ ಮುಗಿದಿಲ್ಲ. ಆದರೆ ಇವೆಲ್ಲ ಈಜಿಪ್ಟಿನ ಜಾಗಗಳು. ಮೆಣಸು ಬೆರೆನೀಕೆಗೆ ಹೋಯಿತು ಅಂದಮಾತ್ರಕ್ಕೆ ದೇವರೂ ನಾಕಾಗೆ ಹೋದ ಅನ್ನೋದಕ್ಕೆ ಆಗಲ್ಲ, ಅಲ್ವಾ?

ನನಗೆ ಸಂಕೋಚ ಬರಲು ಇನ್ನೊಂದು ಕಾರಣವಿದೆ. ನುಬಿಯಾದ ಕಥೆಯಲ್ಲಿ ಇದು ತುಂಬ ಹಳೆಯ ಚಾಳಿ. ಅಲ್ಲಿ ಏನೇ ದೊಡ್ಡದು ಸಿಗಲಿ, ಅದರ ಕೀರ್ತಿ ಬೇರೆಯವರ ಖಾತೆಗೆ ಜಮಾ ಆಗುತ್ತದೆ. ಕೆರ್ಮಾವನ್ನೇ ನೋಡಿ. ನೈಲ್ ನದಿಯ ಮೂರನೇ ಜಲಪಾತದ ಹತ್ತಿರ ಕ್ರಿ.ಪೂ. 2500ರಿಂದ 1500ರವರೆಗೆ ಬಾಳಿದ, ಕುಶ್ ಜನರ ಹಳೆಯ ರಾಜಧಾನಿ ಅದು. ಇವತ್ತಿಗೂ ಅಲ್ಲಿ ಹಸಿ ಇಟ್ಟಿಗೆಯ ಗುಡಿಯೊಂದು ಸುಮಾರು 18 ಮೀಟರ್ ಎತ್ತರಕ್ಕೆ ನಿಂತಿದೆ. ಅಲ್ಲಿನ ದೊರೆಗಳ ಸಮಾಧಿ ದಿಬ್ಬ ಒಂದೊಂದು ಸುಮಾರು 90 ಮೀಟರ್ ಅಗಲ. ಒಂದು ದಿಬ್ಬದ ಮುಂದೆ 4,000ಕ್ಕೂ ಜಾಸ್ತಿ ದನದ ಬುರುಡೆಗಳನ್ನು ಸಾಲಾಗಿ ಜೋಡಿಸಿದ್ದರು. ಅವರ ಮಡಕೆ ಚಕ್ರದಲ್ಲಿ ತಿರುಗಿಸಿದ್ದಲ್ಲ, ಕೈಯಲ್ಲೇ ಮಾಡಿದ್ದು. ಆದರೂ ಅಂಚು ಮೊಟ್ಟೆಯ ಚಿಪ್ಪಿನಷ್ಟು ತೆಳು. ಬಾಯಿ ಕಪ್ಪು, ತಳ ಕೆಂಪು, ನಡುವೆ ಬೂದಿ ಬಣ್ಣದ ಪಟ್ಟಿ.

1913ರಲ್ಲಿ ಇಲ್ಲಿ ಅಗೆಯಲು ಶುರು ಮಾಡಿದ ಅಮೆರಿಕದ ಜಾರ್ಜ್ ರೈಸ್ನರ್‌ಗೆ ಒಂದು ದಿಬ್ಬದಲ್ಲಿ ಹೆಪ್ಜೆಫಾ ಎಂಬ ಈಜಿಪ್ಟಿನ ಅಧಿಕಾರಿಯ ಮತ್ತು ಅವನ ಹೆಂಡತಿಯ ಪ್ರತಿಮೆ ಸಿಕ್ಕವು. ಸರಿ, ಇದು ಈಜಿಪ್ಟಿನವರ ಠಾಣ್ಯ, ಇವನೇ ಇಲ್ಲಿನ ಗವರ್ನರು ಎಂದು ಬರೆದುಬಿಟ್ಟರು. ಆ ಅಧಿಕಾರಿಯ ಸ್ವಂತ ಗೋರಿ ಈಜಿಪ್ಟಿನ ಅಸ್ಯೂತ್‌ನಲ್ಲಿ ಇತ್ತು! ಅವನು ಬದುಕಿದ್ದು ಈ ದಿಬ್ಬಕ್ಕಿಂತ ಎಷ್ಟೋ ತಲೆಮಾರು ಮೊದಲು. ಕುಶ್ ದೊರೆಗಳು ಈಜಿಪ್ಟಿನಿಂದ ಹೊತ್ತು ತಂದ ಮಾಲನ್ನು ಅವರ ಯಜಮಾನನ ಗುರುತು ಅಂತ ಓದಿದ್ದಾಯಿತು. ಸ್ವಿಟ್ಜರ್ಲೆಂಡಿನ ಶಾರ್ಲ್ ಬೊನೆ ದಶಕಗಳ ಕಾಲ ಅಲ್ಲೇ ಅಗೆದು ಇದು ಕುಶ್ ಜನರದ್ದೇ ನಗರ ಎಂದು ತೋರಿಸಬೇಕಾಯಿತು.

ಚಿನ್ನದ ಕಥೆಯೂ ಬೇರೆಯಲ್ಲ. ಜುಸೆಪೆ ಫೆರ್ಲಿನಿ ಎಂಬ ಇಟಲಿಯ ವೈದ್ಯ 1834ರಲ್ಲಿ ಮೆರೊಯಿಯ ಪಿರಮಿಡ್ಡುಗಳನ್ನು ಮೇಲಿಂದ ಒಡೆಸುತ್ತಾ ಬಂದ. ಅಮನಿಶಖೆತೊ ರಾಣಿಯ ಒಡವೆ ಸಿಕ್ಕವು. ಯೂರೋಪಿಗೆ ಒಯ್ದರೆ, ಆಫ್ರಿಕಾದಲ್ಲಿ ಇಷ್ಟು ನಾಜೂಕಿನ ಕೆಲಸವೇ ಎಂದು ಜನ ನಂಬಲಿಲ್ಲ. ಈಗ ಅವು ಮ್ಯೂನಿಕ್, ಬರ್ಲಿನ್ ಮ್ಯೂಸಿಯಮ್ಮುಗಳಲ್ಲಿವೆ. ಆ ಸಾಲಿನಲ್ಲಿ ನಾವೂ ಹೋಗಿ ನಿಲ್ಲೋದು ಬೇಡ ಅಂತ ನನ್ನ ಅನಿಸಿಕೆ, ಅಷ್ಟೇ.

ಪಿರಮಿಡ್ ಕಾಪಿ ಅಂದಿರಿ. ಆಕಾರ ಈಜಿಪ್ಟಿನದ್ದು, ಒಪ್ಪಿದೆ. ಆದರೆ ಈಜಿಪ್ಟಿನ ಅರಸರು ಪಿರಮಿಡ್ ಕಟ್ಟೋದನ್ನು ಬಿಟ್ಟು ಏಳೆಂಟು ಶತಮಾನ ಕಳೆದ ಮೇಲೆ ಕುಶ್ ದೊರೆಗಳು ಶುರು ಮಾಡಿದರು. ಕಡಿದಾದ, ಚೂಪಾದ, ಪೂರ್ವಕ್ಕೆ ಪುಟ್ಟ ಪೂಜೆಯ ಕೋಣೆ ಇರುವ ಪಿರಮಿಡ್ಡುಗಳು. ಸುಡಾನಿನಲ್ಲಿ ಇವು 200ಕ್ಕೂ ಹೆಚ್ಚಿವೆ, ಈಜಿಪ್ಟಿನಲ್ಲಿ ಇಷ್ಟಿಲ್ಲ.

ಇನ್ನು ಕಾಪಿ ಹೊಡೆದವರು ಮೂಲದವರಿಗೇ ಪಾಠ ಹೇಳಿದ ಕಥೆಯೊಂದಿದೆ. ಕ್ರಿ.ಪೂ. 8ನೇ ಶತಮಾನದಲ್ಲಿ ಕುಶ್‌ನ ದೊರೆ ಪಿಯೆ ಉತ್ತರಕ್ಕೆ ದಂಡೆತ್ತಿ ಹೋಗಿ ಈಜಿಪ್ಟನ್ನು ಗೆದ್ದ. ಇದನ್ನು ಹೇಳುವ ಅವನ ಶಾಸನ 1862ರಲ್ಲಿ ಸುಡಾನಿನ ಜೆಬೆಲ್ ಬರ್ಕಲ್‌ನಲ್ಲಿ ಸಿಕ್ಕಿತು. ಸೋತ ಸಾಮಂತರು ಕಾಣಿಕೆ ಹಿಡಿದು ಬಂದರೆ ಪಿಯೆ ಮೂವರನ್ನು ಅರಮನೆ ಒಳಗೇ ಬಿಡಲಿಲ್ಲ. ಕಾರಣ, ಸುನ್ನತಿ ಆಗಿಲ್ಲ, ಮೀನು ತಿನ್ನುತ್ತಾರೆ. ಆ ಸಾಮಂತರಲ್ಲಿ ನಿಮ್ಲೊಟ್ ಎಂಬವನೊಬ್ಬ ಮೀನು ಮುಟ್ಟದವನು, ಅವನಿಗೆ ಮಾತ್ರ ಪ್ರವೇಶ. ಎಂಥಾ ಮಡಿ ನೋಡಿ! ಇದೇ ನಿಮ್ಲೊಟ್‌ನ ಊರು ಗೆದ್ದಾಗ ಪಿಯೆ ಅಂತಃಪುರದ ಹೆಂಗಸರ ಕಡೆ ತಿರುಗಿಯೂ ನೋಡದೆ ನೇರ ಲಾಯಕ್ಕೆ ಹೋದ. ಮುತ್ತಿಗೆಯಲ್ಲಿ ಕುದುರೆಗಳು ಹಸಿದು ಸೊರಗಿದ್ದವು. ನೀನು ಮಾಡಿದ ಬೇರೆಲ್ಲ ತಪ್ಪಿಗಿಂತ ಇದು ನನಗೆ ನೋವು ಎಂದು ಬೈದದ್ದನ್ನೂ ಕಲ್ಲಿನಲ್ಲಿ ಕೆತ್ತಿಸಿದ್ದಾನೆ. ಸುಡಾನಿನ ಎಲ್ ಕುರ್ರು ಎಂಬಲ್ಲಿ ಅವನ ಮತ್ತು ಅವನ ನಂತರದ ದೊರೆಗಳ ಗೋರಿಗಳ ಹತ್ತಿರ 24 ಕುದುರೆಗಳನ್ನು ಹೂತಿದ್ದು ಸಿಕ್ಕಿದೆ. ಇದು ಯಾರ ಕಾಪಿಯೂ ಅಲ್ಲ.

ಲಿಪಿ ವಿಷಯ. ಕುಶ್ ಜನರ ಮೆರೊಯಿಟಿಕ್ ಲಿಪಿಯಲ್ಲಿ 23 ಅಕ್ಷರ. ಬ್ರಿಟನ್ನಿನ ಎಫ್.ಎಲ್. ಗ್ರಿಫಿತ್ 1911ರ ಹೊತ್ತಿಗೆ ಅವುಗಳ ಉಚ್ಚಾರ ಬಿಡಿಸಿದರು. ಆದರೆ ಭಾಷೆ ಪೂರ್ತಿ ಅರ್ಥವಾಗಿಲ್ಲ. ಘಟ್ಟದ ಮೇಲಿನ ನಮ್ಮಂಥವರು ಕನ್ನಡ ಲಿಪಿಯಲ್ಲಿ ಅಚ್ಚಾದ ತುಳುವನ್ನು ಗಟ್ಟಿಯಾಗಿ ಓದಿ, ಅರ್ಥವಾಗದೆ ಪಿಳಿಪಿಳಿ ನೋಡ್ತೀವಲ್ಲ, ಹಾಗೆ. ಗೊತ್ತಿರುವ ಕೆಲವೇ ಮಾತುಗಳಲ್ಲಿ ‘ಅತೊ’ ಅಂದರೆ ನೀರು, ‘ಅತ್’ ಅಂದರೆ ರೊಟ್ಟಿ. ಗೋರಿಗಳ ಮೇಲೆ ಮತ್ತೆ ಮತ್ತೆ ಬರುವ ಬೇಡಿಕೆ ಇಷ್ಟೇ: ಸತ್ತವರಿಗೆ ಕುಡಿಯಲು ನೀರು ಧಾರಾಳವಾಗಿ ಸಿಗಲಿ, ತಿನ್ನಲು ರೊಟ್ಟಿ ಧಾರಾಳವಾಗಿ ಸಿಗಲಿ.

ಹೋಗಿ ಬರುವ ಮಾತು ಈಗ ಬೇಡ ಮೇಷ್ಟ್ರೇ. 2023ರ ಏಪ್ರಿಲ್‌ನಲ್ಲಿ ಶುರುವಾದ ಯುದ್ಧದಲ್ಲಿ ಖಾರ್ಟೂಮ್‌ನ ರಾಷ್ಟ್ರೀಯ ಮ್ಯೂಸಿಯಂ ಲೂಟಿಯಾಗಿದೆ. ಸದ್ಯಕ್ಕೆ ಕಾಗದದ ಮೇಲೇ ನೋಡೋಣ. ಈ ಸಂಚಿಕೆಯಲ್ಲಿ ಅದೇ ಗೋಡೆಯ ಫೋಟೋವನ್ನು ಎರಡು ಪುಟಕ್ಕೆ ಹರಡಿ ಪೂರ್ತಿ ಹಾಕಿದ್ದೇವೆ. ಪೆನ್ಸಿಲ್ ಚೂಪು ಮಾಡಿ ಇನ್ನೊಮ್ಮೆ ಬರೆದು ಕಳಿಸಿ. ಈ ಸಲ ಎಡ ಬಲದವರನ್ನೂ ಸೇರಿಸಿ.