ಅಜ್ಜನ ಹೆಸರಿನ ಆರ್.ಆರ್. ನಂಬರು: ಔರಾದ್ ಕಡೆಯಿಂದ ಉತ್ತರ

ಕರ್ನಾಟಕದಲ್ಲಿ ಪಂಪ್‌ಸೆಟ್ಟಿನ ಕರೆಂಟು ಪುಕ್ಕಟೆ ಇರುವಾಗ ಸಣ್ಣ ರೈತ ಇನ್ಯಾವ ಹಕ್ಕಿಗಾಗಿ ಅಲೆಯುತ್ತಾನೆ ಎಂದು ನೀವು ಕೇಳಿದ್ದೀರಿ. ನಾನು ಬೀದರ್ ಜಿಲ್ಲೆಯ ಔರಾದ್ ತಾಲ್ಲೂಕಿನವನು. ನಮಗೆ ಒಂದು ಮಗ್ಗುಲಲ್ಲಿ ಮಹಾರಾಷ್ಟ್ರ, ಇನ್ನೊಂದು ಮಗ್ಗುಲಲ್ಲಿ ತೆಲಂಗಾಣ; ಬೀಗತನ ಮೂರೂ ಕಡೆ ಇರುವುದರಿಂದ ಈ ಚರ್ಚೆ ಮದುವೆಯ ಹಂದರದ ಕೆಳಗೂ ನಡೆಯುತ್ತದೆ. ತೆಲಂಗಾಣದ ಬೀಗರು 2018ರ ಜನವರಿಯಲ್ಲಿ ಅಲ್ಲಿ ಆರಂಭವಾದ 24 ಗಂಟೆಯ ಉಚಿತ ವಿದ್ಯುತ್ತಿನ ಮಾತು ತೆಗೆಯುತ್ತಾರೆ, ಮಹಾರಾಷ್ಟ್ರದವರು 2024ರಿಂದ ಏಳೂವರೆ ಎಚ್.ಪಿ. ವರೆಗಿನ ಮೋಟರಿಗೆ ಬಿಲ್ಲಿಲ್ಲ ಎನ್ನುತ್ತಾರೆ. ನಮ್ಮಲ್ಲಿ 10 ಎಚ್.ಪಿ. ವರೆಗೆ ಉಚಿತ, ಆದರೆ ಮೋಟರು ಓಡಿಸಲು ಬೇಕಾದ ತ್ರೀ ಫೇಸ್ ಕರೆಂಟು ಕೊಡುವುದಾಗಿ ಹೇಳಿರುವುದು ದಿನಕ್ಕೆ 7 ಗಂಟೆ, ಅದೂ ಪಾಳಿಯ ಮೇಲೆ.

ಈ ಉಚಿತದ ಬುಡ ಎಲ್ಲಿದೆ ಎಂಬುದನ್ನು ಮೊದಲು ತಿಳಿಯಬೇಕು. 2003ರ ವಿದ್ಯುಚ್ಛಕ್ತಿ ಕಾಯ್ದೆಯ 65ನೇ ಕಲಮಿನ ಪ್ರಕಾರ ರಾಜ್ಯ ಸರ್ಕಾರ ಯಾವುದೇ ವರ್ಗದ ಗ್ರಾಹಕರಿಗೆ ರಿಯಾಯಿತಿ ಕೊಡಬಯಸಿದರೆ ಆ ಹಣವನ್ನು ವಿದ್ಯುತ್ ಕಂಪನಿಗೆ ಮುಂಗಡವಾಗಿ ಕಟ್ಟಬೇಕು. ಕಟ್ಟದಿದ್ದರೆ ರಾಜ್ಯದ ವಿದ್ಯುತ್ ನಿಯಂತ್ರಣ ಆಯೋಗ ನಿಗದಿ ಮಾಡಿದ ದರವೇ ಜಾರಿಗೆ ಬರುತ್ತದೆ. ಆದ್ದರಿಂದ ಉಚಿತ ಎಂಬುದು ಸರ್ಕಾರದ ತೀರ್ಮಾನವನ್ನು ಅವಲಂಬಿಸಿದೆ. ಇನ್ನೊಂದು ವಿಷಯ, ಇಲ್ಲಿ ಲೆಕ್ಕಕ್ಕೆ ಬರುವುದು ಮೋಟರಿನ ಎಚ್.ಪಿ. ಮಾತ್ರ, ಹೊಲದ ಎಕರೆಯಲ್ಲ. ಎರಡು ಎಕರೆಯವನಿಗೂ ಇಪ್ಪತ್ತು ಎಕರೆಯವನಿಗೂ ಸವಲತ್ತು ಒಂದೇ. ನಾಲ್ಕು ಬೋರ್ ಇದ್ದವನಿಗೆ ನಾಲ್ಕು ಪಟ್ಟು. ಇದು ನನಗೆ ಸರಿ ಕಾಣುವುದಿಲ್ಲ.

ಸಂಪರ್ಕ ಪಡೆದ ಗ್ರಾಹಕನಾಗಿ ಸಿಗುವ ಹಕ್ಕುಗಳು ಇದಕ್ಕಿಂತ ಗಟ್ಟಿಯಾದವು, ಅವುಗಳ ಬಗ್ಗೆ ಊರಲ್ಲಿ ಮಾತೇ ಕಡಿಮೆ. ಕಳೆದ ಬೇಸಿಗೆಯಲ್ಲಿ ನಮ್ಮ ಹೊಲಗಳ ಟಿಸಿ, ಅಂದರೆ ಟ್ರಾನ್ಸ್‌ಫಾರ್ಮರ್, ಸುಟ್ಟಿತು. ಒಂಬತ್ತು ಮೋಟರುಗಳು ನಿಂತವು, ಕಬ್ಬಿನ ಗರಿ ಮಧ್ಯಾಹ್ನದ ಹೊತ್ತಿಗೆ ಸುರುಳಿ ಸುತ್ತತೊಡಗಿತು. ಹದಿಮೂರು ದಿನ ಕಾದೆವು. ಕೊನೆಗೆ ಮನೆಗಿಷ್ಟು ಎಂದು ಪಟ್ಟಿ ಹಾಕಿ, ಬಾಡಿಗೆ ಟ್ರ್ಯಾಕ್ಟರಿನಲ್ಲಿ ನಾವೇ ಸುಟ್ಟ ಟಿಸಿಯನ್ನು ಹೇರಿಕೊಂಡು ಹೋಗಿ ಬೇರೊಂದನ್ನು ತಂದೆವು. ಗ್ರಾಮೀಣ ಭಾಗದಲ್ಲಿ ಟಿಸಿಯನ್ನು 72 ಗಂಟೆಯೊಳಗೆ ಬದಲಿಸಬೇಕೆಂದು ಆಯೋಗದ ಸೇವಾ ಮಾನದಂಡ ಹೇಳುತ್ತದೆ, ಮಾನದಂಡ ತಪ್ಪಿದರೆ ಪರಿಹಾರ ಕೊಡಬೇಕೆಂದು ಕಾಯ್ದೆಯ 57ನೇ ಕಲಮು ಹೇಳುತ್ತದೆ. ನಮ್ಮಲ್ಲಿ ಒಬ್ಬರೂ ಪರಿಹಾರ ಕೇಳಲಿಲ್ಲ, ಏಕೆಂದರೆ ಒಬ್ಬರೂ ದೂರು ದಾಖಲಿಸಿರಲಿಲ್ಲ. ಎಲ್ಲರೂ ಲೈನ್‌ಮನ್‌ಗೆ ಫೋನು ಮಾಡಿ ಸುಮ್ಮನಾಗಿದ್ದೆವು.

ದೂರು ಕೊಡಲು ಹಿಂಜರಿಯುವುದಕ್ಕೂ ಕಾರಣವಿದೆ. ಸ್ಟಾರ್ಟರ್ ಡಬ್ಬಿಯ ಬಾಗಿಲ ಒಳಮೈಗೆ ಬಳಿದ ಆರ್.ಆರ್. ನಂಬರು, ಅಂದರೆ ವಿದ್ಯುತ್ ಸಂಪರ್ಕದ ನೋಂದಣಿ ಸಂಖ್ಯೆ, ಎಷ್ಟೋ ಕಡೆ ತೀರಿಹೋದ ಅಜ್ಜನ ಹೆಸರಿನಲ್ಲಿಯೇ ಇರುತ್ತದೆ. ಅಣ್ಣತಮ್ಮಂದಿರು ಬೇರೆಯಾಗಿ, ಪಹಣಿ ಮೂರು ಭಾಗವಾಗಿದ್ದರೂ ಬಾವಿ ಮತ್ತು ನಂಬರು ಒಂದೇ ಉಳಿದಿರುತ್ತವೆ. ನಮ್ಮ ಮನೆಯಲ್ಲಿಯೂ ಹಾಗೆಯೇ ಇತ್ತು. ರಾತ್ರಿ ಎರಡರ ಪಾಳಿಯಲ್ಲಿ ಬ್ಯಾಟರಿ ಹಿಡಿದು ಬದುವಿನ ಮೇಲೆ ನಡೆದು ಮೋಟರು ಚಾಲೂ ಮಾಡುವವನು ನಮ್ಮ ಸಣ್ಣ ಕಾಕಾ, ಆದರೆ ಕಾಗದದಲ್ಲಿ ಅವರಿಗೆ ಜಾಗವೇ ಇರಲಿಲ್ಲ. ಹೀಗಿರುವಾಗ ದೂರು ಯಾರ ಹೆಸರಿನಲ್ಲಿ ಕೊಡುವುದು ಎಂಬ ಅಳುಕು. ನಂಬರೇ ಇಲ್ಲದೆ ಲೈನಿಗೆ ಕೊಕ್ಕೆ ಹಾಕಿದವನ ಪಾಡು ಇನ್ನೂ ಕಷ್ಟ, ಅದೇ ಕಾಯ್ದೆಯ 135ನೇ ಕಲಮಿನಲ್ಲಿ ಅದು ಕಳವಿನ ಅಪರಾಧ.

ಈ ವರ್ಷ ಮರಣ ಪ್ರಮಾಣಪತ್ರ, ಪಹಣಿ ಮತ್ತು ಉಳಿದ ವಾರಸುದಾರರ ಒಪ್ಪಿಗೆ ಪತ್ರ ಇಟ್ಟು ಹೆಸರು ಬದಲಾವಣೆಗೆ ಅರ್ಜಿ ಕೊಟ್ಟೆವು. ಈಗ ಕರೆಂಟು ಕೈಕೊಟ್ಟಾಗಲೆಲ್ಲ ಕಾಕಾ ವಿದ್ಯುತ್ ಸಹಾಯವಾಣಿ 1912ಕ್ಕೆ ಕರೆ ಮಾಡಿ ದೂರಿನ ಸಂಖ್ಯೆ ಕೇಳಿ ಪಡೆಯುತ್ತಾರೆ, ಜಿಲ್ಲೆಯ ವಿದ್ಯುತ್ ಗ್ರಾಹಕರ ಕುಂದುಕೊರತೆ ವೇದಿಕೆಗೆ ಹೋಗಬೇಕಾದರೆ ಅದು ಬೇಕಾಗುತ್ತದೆಂದು ಸ್ಟಾರ್ಟರ್ ಡಬ್ಬಿಯ ಬಾಗಿಲ ಮೇಲೆ, ಅಜ್ಜನ ನಂಬರಿನ ಕೆಳಗೆ, ತಾರೀಖಿನ ಸಮೇತ ಸೀಮೆಸುಣ್ಣದಲ್ಲಿ ಬರೆದಿಡುತ್ತಾರೆ.