ವಿಮಾನ ಹೊಡೆಯುವ ಗನ್ನನ್ನು ಬೀದಿ ಕಾಳಗಕ್ಕೆ ಯಾಕೆ ತರುತ್ತಾರೆ?

ಲಿಬಿಯಾ, ಸಿರಿಯಾ ಕಡೆಯ ವಿಡಿಯೊಗಳಲ್ಲಿ ಪಿಕಪ್ ಗಾಡಿ ಮೇಲೆ ಜೋಡಿ ನಳಿಗೆಯ ಗನ್ ಕೂರಿಸಿಕೊಂಡು ಕಟ್ಟಡಗಳಿಗೆ ಹೊಡೆಯುವುದನ್ನು ನೋಡಿದ್ದೀರಿ. ವಿಮಾನ ಬೀಳಿಸಲು ಮಾಡಿದ ಗನ್ನನ್ನು ಊರೊಳಗೆ ಯಾಕೆ ಬಳಸುತ್ತಾರೆ, ಟ್ಯಾಂಕ್ ಇದ್ದರೆ ಸಾಲದಾ, ಇದರಿಂದ ನಿಜವಾಗಿ ಪ್ರಯೋಜನ ಇದೆಯಾ ಅಂತ ಕೇಳಿದ್ದೀರಿ.

ನಾನು ಕೋಲಾರದವನು. ಸೇನೆಯ ಏರ್ ಡಿಫೆನ್ಸ್‌ನಲ್ಲಿ ಎಲ್-70 ಅನ್ನುವ 40 ಎಂಎಂ ವಿಮಾನ ಹೊಡೆಯುವ ಗನ್ ಮೇಲೆ ಕೆಲಸ ಮಾಡಿ ಹವಾಲ್ದಾರ್ ಆಗಿ ನಿವೃತ್ತನಾದೆ. ಬೀದಿ ಕಾಳಗದಲ್ಲಿ ನಾನು ಇದ್ದವನಲ್ಲ. ಆದರೆ 40 ಎಂಎಂ ಗುಂಡು ಹೇಗೆ ಹೊರಡುತ್ತದೆ, ಎಲ್ಲಿಯವರೆಗೆ ಹೋಗುತ್ತದೆ ಅನ್ನುವುದು ಕೈಯಾರೆ ಗೊತ್ತು. ಉಳಿದದ್ದು ನಿವೃತ್ತಿಯ ಮೇಲೆ ಕೂತು ಓದಿದ್ದು.

ಟ್ಯಾಂಕ್ ಯಾಕೆ ಸಾಲದು ಅನ್ನುವುದನ್ನು ಮೊದಲು ಹೇಳುತ್ತೇನೆ. ರಷ್ಯಾದ ಟಿ-72 ಟ್ಯಾಂಕಿನ ನಳಿಗೆ ಹೆಚ್ಚೆಂದರೆ 14 ಡಿಗ್ರಿ ಮೇಲೆ ಏಳುತ್ತದೆ, 6 ಡಿಗ್ರಿ ಕೆಳಗೆ ಬಗ್ಗುತ್ತದೆ. ಬಯಲಲ್ಲಿ ಅಷ್ಟು ಧಾರಾಳ. ಈಗ ನಮ್ಮ ಕೋಲಾರದ ಕ್ಲಾಕ್ ಟವರ್ ಹತ್ತಿರದ ಒಂದು ಗಲ್ಲಿಯನ್ನು ಮನಸ್ಸಿಗೆ ತಂದುಕೊಳ್ಳಿ. ಎರಡೂ ಕಡೆ ಅಂಗಡಿ, ಮೇಲೆ ಮನೆ, ಅದರ ಮೇಲೆ ತಾರಸಿ. ನಳಿಗೆಯ ತುದಿಯಿಂದ ಕಟ್ಟಡ 10 ಮೀಟರ್ ದೂರದಲ್ಲಿದ್ದರೆ, 14 ಡಿಗ್ರಿಯಲ್ಲಿ ಹೊರಟ ಗುಂಡು ಅಲ್ಲಿಗೆ ಮುಟ್ಟುವಾಗ ಎರಡೂವರೆ ಮೀಟರ್ ಮಾತ್ರ ಏರಿರುತ್ತದೆ. ಟ್ಯಾಂಕಿನ ಎತ್ತರ ಸೇರಿಸಿದರೂ ಮೊದಲ ಮಹಡಿಯ ಕಿಟಕಿ ದಾಟುವುದಿಲ್ಲ. ತಾರಸಿಯ ಮೇಲೆ ರಾಕೆಟ್ ಲಾಂಚರ್ ಹಿಡಿದು ಕೂತವನಿಗೆ ಅದು ತಾಗುವುದೇ ಇಲ್ಲ. ಅವನನ್ನು ಹೊಡೆಯಬೇಕಾದರೆ ಟ್ಯಾಂಕ್ 35-40 ಮೀಟರ್ ಹಿಂದಕ್ಕೆ ಹೋಗಬೇಕು. ಗಲ್ಲಿಯಲ್ಲಿ ಎಲ್ಲಿಗೆ ಹೋಗುತ್ತದೆ? ನೆಲಮಾಳಿಗೆಯ ಕಿಂಡಿಯಿಂದ ಹೊಡೆಯುವವನದೂ ಇದೇ ಕತೆ. ನಳಿಗೆ ಅಷ್ಟು ಕೆಳಗೆ ಬಗ್ಗುವುದಿಲ್ಲ.

ರಷ್ಯಾದಿಂದ ಬೇರೆಯಾಗಲು ಹೊರಟಿದ್ದ ಚೆಚೆನ್ಯಾದ ರಾಜಧಾನಿ ಗ್ರೋಜ್ನಿಯಲ್ಲಿ ಆಗಿದ್ದು ಇದೇ. 1994ರ ಡಿಸೆಂಬರ್ 31ರಂದು ರಷ್ಯಾದ ಪಡೆಗಳು ಸಾಲುಸಾಲಾಗಿ ಊರೊಳಗೆ ಹೋದವು. ಅವುಗಳಲ್ಲಿ ಒಂದಾದ ಮೈಕೋಪ್ ಬ್ರಿಗೇಡ್ ರೈಲ್ವೆ ಸ್ಟೇಷನ್ ತನಕ ತಲುಪಿ ಅಲ್ಲೇ ಸಿಕ್ಕಿಬಿತ್ತು. ಚೆಚೆನ್ನರು ಮೇಲಿನ ಮಹಡಿಗಳಿಂದಲೂ ನೆಲಮಾಳಿಗೆಗಳಿಂದಲೂ ಹೊಡೆದರು. ಸಾಲಿನ ಮೊದಲ ಗಾಡಿ, ಕೊನೆಯ ಗಾಡಿ ಸುಟ್ಟರೆ ಮಧ್ಯದವು ಹಂದಾಡಲು ಆಗಲ್ಲ ಅಲ್ವಾ? ಆ ಬ್ರಿಗೇಡಿನ 26 ಟ್ಯಾಂಕ್‌ಗಳಲ್ಲಿ 20 ಹಾಳಾದವು ಅಂತ ಆ ಯುದ್ಧದ ಬಗ್ಗೆ ಬರೆದವರು ಲೆಕ್ಕ ಕೊಡುತ್ತಾರೆ. ಆಮೇಲೆ ರಷ್ಯನ್ನರು ಪಾಠ ಕಲಿತು, ಟ್ಯಾಂಕ್‌ಗಳ ಜೊತೆಗೆ ಮೇಲಿನ ಮಹಡಿಗಳನ್ನು ನೋಡಿಕೊಳ್ಳಲೆಂದೇ ಶಿಲ್ಕಾ ಮತ್ತು ತುಂಗುಸ್ಕಾ ಗಾಡಿಗಳನ್ನು ಸೇರಿಸಿದರು. ಎರಡೂ ವಿಮಾನ ಹೊಡೆಯುವ ಗಾಡಿಗಳೇ. ಶಿಲ್ಕಾದಲ್ಲಿ 23 ಎಂಎಂ ನಳಿಗೆ ನಾಲ್ಕು. ಅವು 85 ಡಿಗ್ರಿವರೆಗೆ, ಅಂದರೆ ಹೆಚ್ಚುಕಡಿಮೆ ನೆತ್ತಿಯ ಮೇಲಕ್ಕೆ, ಏಳುತ್ತವೆ. ನಿಮಿಷಕ್ಕೆ 3400 ಗುಂಡಿನ ವೇಗ. ಯಾವ ಮಹಡಿಯೂ ಅದಕ್ಕೆ ಎತ್ತರ ಅಲ್ಲ.

ಇದಕ್ಕೂ ಮೊದಲೇ, ಅಫ್ಘಾನಿಸ್ತಾನದಲ್ಲಿ, ಸೋವಿಯತ್ ಸೇನೆ ಶಿಲ್ಕಾದ ರಾಡಾರನ್ನೇ ಕಿತ್ತು ಹಾಕಿತ್ತು. ಅಲ್ಲಿ ಎದುರಿಗಿದ್ದ ಹೋರಾಟಗಾರರು, ಅಂದರೆ ಮುಜಾಹಿದೀನ್‌ಗಳ ಬಳಿ ವಿಮಾನ ಇರಲಿಲ್ಲ, ರಾಡಾರ್ ಸುಮ್ನೆ ಭಾರ. ಆ ಜಾಗದಲ್ಲಿ ಗುಂಡು ತುಂಬಿದರು. 2000 ಗುಂಡು ಹೊರುತ್ತಿದ್ದ ಗಾಡಿ 4000 ಹೊರುವಂತಾಯಿತು. ಬೆಟ್ಟದ ದಾರಿಯಲ್ಲಿ ಮೇಲಿನಿಂದ ಹೊಡೆಯುವವರಿಗೂ ಊರಲ್ಲಿ ತಾರಸಿಯಿಂದ ಹೊಡೆಯುವವರಿಗೂ ಲೆಕ್ಕ ಒಂದೇ.

ಎರಡನೇ ಕಾರಣ ಗುಂಡಿನ ವೇಗ. ಹಾರುವ ವಿಮಾನವನ್ನು ಮುಟ್ಟಬೇಕಾದರೆ ಗುಂಡು ಬೇಗ ಹೋಗಬೇಕು. ನಮ್ಮ ಎಲ್-70 ಗುಂಡು ಸೆಕೆಂಡಿಗೆ ಸುಮಾರು 1000 ಮೀಟರ್ ವೇಗದಲ್ಲಿ ಹೊರಡುತ್ತದೆ. ಅಷ್ಟು ಬೇಗ ಹೋಗುವ ಗುಂಡು ನೇರವಾಗಿಯೂ ಹೋಗುತ್ತದೆ. ನೇರ ಹೋದರೆ ಗುರಿ ಸುಲಭ, ಗೋಡೆ ತೂರುವುದೂ ಸುಲಭ. ಜರ್ಮನ್ನರ ಹೆಸರಾಂತ 88 ಎಂಎಂ ಗನ್ ಟ್ಯಾಂಕ್ ಒಡೆಯಲು ಬಳಕೆಯಾದದ್ದು ಇದೇ ಗುಣದಿಂದ. ಸ್ಪೇನ್‌ನ ಅಂತರ್ಯುದ್ಧದಲ್ಲಿ ಅದನ್ನು ನೆಲಕ್ಕೆ ತಿರುಗಿಸಿ ನೋಡಿದ್ದರು. 1940ರ ಮೇ 21ರಂದು ಫ್ರಾನ್ಸ್‌ನ ಅರಾಸ್ ಹತ್ತಿರ ಬ್ರಿಟಿಷ್ ಮಟಿಲ್ಡಾ ಟ್ಯಾಂಕ್‌ಗಳಿಗೆ ಉಳಿದ ಗನ್‌ಗಳ ಗುಂಡು ನಾಟದೆ ಹೋದಾಗ ಜರ್ಮನ್ ಸೇನಾಧಿಕಾರಿ ರೊಮೆಲ್ ಇದನ್ನೇ ಮುಂದಿಟ್ಟ. ಮುಂದೆ ಜರ್ಮನ್ನರ ಟೈಗರ್ ಟ್ಯಾಂಕಿಗೆ ಹಾಕಿದ ಗನ್ನೂ ಇದರಿಂದಲೇ ಬಂದದ್ದು.

ಸ್ಟಾಲಿನ್‌ಗ್ರಾಡ್ ವಿಷಯ ಬಂದರೆ ಸ್ವಲ್ಪ ನಿಂತೇ ಹೇಳಬೇಕು. 1942ರ ಆಗಸ್ಟ್ 23. ಜರ್ಮನ್ನರ 16ನೇ ಪ್ಯಾಂಜರ್ ಡಿವಿಷನ್ ಊರಿನ ಉತ್ತರಕ್ಕೆ ನುಗ್ಗಿ ವೋಲ್ಗಾ ನದಿ ಕಡೆಗೆ ಹೊರಟಿತ್ತು. ದಾರಿಯಲ್ಲಿ ತಡೆಯಲು ಇದ್ದದ್ದು ಸೋವಿಯತ್ ಸೇನೆಯ 1077ನೇ ವಿಮಾನ ನಿರೋಧಕ ರೆಜಿಮೆಂಟ್. ಹತ್ತಿರದ ಟ್ರ್ಯಾಕ್ಟರ್ ಕಾರ್ಖಾನೆಯನ್ನು ವಿಮಾನಗಳಿಂದ ಕಾಯುವುದು ಅವರ ಕೆಲಸ. ಕೈಯಲ್ಲಿದ್ದದ್ದು 85 ಎಂಎಂ ಗನ್. ನಡೆಸುತ್ತಿದ್ದವರಲ್ಲಿ ಬಹಳ ಜನ ಆಗಷ್ಟೇ ಸ್ಕೂಲ್ ಮುಗಿಸಿ ಬಂದ ಹುಡುಗಿಯರು. ನೆಲದ ಗುರಿಗೆ ಹೊಡೆಯುವ ತರಬೇತಿ ಅವರಿಗೆ ಇರಲೇ ಇಲ್ಲ. ನಳಿಗೆಯನ್ನು ಪೂರ್ತಿ ಕೆಳಗಿಳಿಸಿ ಬರುವ ಟ್ಯಾಂಕ್‌ಗಳಿಗೆ ನೇರ ಗುರಿಯಿಟ್ಟರು. ಮಧ್ಯೆ ಮಧ್ಯೆ ವಿಮಾನ ಬಂದರೆ ಮತ್ತೆ ಮೇಲಕ್ಕೆ. 37 ಗನ್ ನೆಲೆಗಳನ್ನು ಒಂದೊಂದಾಗಿ ಹೊಡೆದು ಸುಮ್ಮನಾಗಿಸಿದ ಮೇಲೆಯೇ ಜರ್ಮನ್ನರಿಗೆ ದಾರಿ ಸಿಕ್ಕಿದ್ದು. ಹತ್ತಿರ ಹೋಗಿ ನೋಡಿದಾಗಲೇ ಅವರಿಗೆ ಗೊತ್ತಾಯಿತು, ಇಷ್ಟು ಹೊತ್ತು ಎದುರು ನಿಂತಿದ್ದವರು ಹೆಣ್ಣುಮಕ್ಕಳು ಅಂತ.

ನಾನು ಆ ಕೆಲಸ ಮಾಡಿದವನಾದ್ದರಿಂದ ಅದನ್ನು ಓದಿದಾಗ ಕೈ ನಡುಗಿತು. ಎಲ್-70ಗೆ ನಾಲ್ಕು ಗುಂಡಿನ ಕ್ಲಿಪ್ ಹಾಕುತ್ತೇವೆ. ಒಂದು ಕ್ಲಿಪ್ಪೇ 10 ಕೆಜಿ ಆಗುತ್ತದೆ. ಬಿಸಿಲಲ್ಲಿ ಹತ್ತು ಕ್ಲಿಪ್ ಎತ್ತಿ ಹಾಕುವಷ್ಟರಲ್ಲಿ ತೋಳು ಸೋತು, ಬೆವರಿಗೆ ಕ್ಲಿಪ್ ಜಾರಲು ಶುರುವಾಗುತ್ತದೆ. ಗನ್ ಪಕ್ಕ ನಿಂತವನಿಗೆ ಶಬ್ದ ಕಿವಿಯಲ್ಲಿ ಅಲ್ಲ, ಎದೆಗೂಡಲ್ಲಿ ಕೇಳಿಸುತ್ತದೆ. ಮರೆಗೆ ಏನೂ ಇರುವುದಿಲ್ಲ. ವಿಮಾನ ಬರುವಾಗ ನಮ್ಮದು ಕೆಲವೇ ಸೆಕೆಂಡುಗಳ ಕೆಲಸ, ಅದು ದಾಟಿ ಹೋಗುತ್ತದೆ. ಎದುರಿನಿಂದ ಟ್ಯಾಂಕ್ ಬರುತ್ತಿದ್ದರೆ ಅದು ದಾಟಿ ಹೋಗುವುದಿಲ್ಲ. ಹತ್ತಿರ ಹತ್ತಿರ ಬರುತ್ತಲೇ ಇರುತ್ತದೆ.

ಇಲ್ಲೇ ಈ ಗನ್ನಿನ ದೊಡ್ಡ ಕೊರತೆಯೂ ಇದೆ. ನಡೆಸುವವರಿಗೆ ರಕ್ಷಣೆ ಇಲ್ಲ. ಜೂ-23 ಅನ್ನುವ ಜೋಡಿ ನಳಿಗೆಯ ಗನ್ನಿಗೆ, ಅಂದರೆ ನೀವು ಪಿಕಪ್ ಮೇಲೆ ನೋಡಿದ್ದಕ್ಕೆ, ಗುರಾಣಿಯಂಥದ್ದು ಏನೂ ಇಲ್ಲ. ಶಿಲ್ಕಾದ ಉಕ್ಕಿನ ಹೊದಿಕೆ ಒಂದು ಸೆಂಟಿಮೀಟರ್ ಕೂಡ ದಪ್ಪ ಇಲ್ಲ. ಗ್ರೋಜ್ನಿಗೆ ಮೈಕೋಪ್ ಬ್ರಿಗೇಡ್ ಜೊತೆ ಮೊದಲ ದಿನವೇ ಆರು ತುಂಗುಸ್ಕಾ ಹೋಗಿದ್ದವು. ಆರೂ ಉಳಿಯಲಿಲ್ಲ. ಹಾಗಾಗಿ ಇವನ್ನು ಮುಂದೆ ಕಳಿಸುವುದಿಲ್ಲ. ಟ್ಯಾಂಕ್‌ಗಳ ಹಿಂದೆ, ಕಾಲಾಳುಗಳ ನಡುವೆ ಇಟ್ಟು, ಮೇಲಿನ ಕಿಟಕಿಗಳನ್ನು ನೋಡಿಕೊಳ್ಳಲು ಬಿಡುತ್ತಾರೆ.

ಗುಂಡು ಖಾಲಿಯಾಗುವ ವೇಗವನ್ನೂ ನೋಡಿ. ಜೂ-23ರ ಒಂದೊಂದು ನಳಿಗೆಗೂ 50 ಗುಂಡಿನ ಡಬ್ಬಿ ಇರುತ್ತದೆ. ನಳಿಗೆಯ ವೇಗ ನಿಮಿಷಕ್ಕೆ 1000. ಪೆಡಲ್ ಒತ್ತಿ ಹಿಡಿದರೆ ಮೂರು ಸೆಕೆಂಡಲ್ಲಿ ಡಬ್ಬಿ ಖಾಲಿ. ಗನ್ನಿನ ಭಾರ 950 ಕೆಜಿ. ಅದನ್ನು ಪಿಕಪ್ ಹಿಂದೆ ಕೂರಿಸಿದರೆ ಗಾಡಿ ಹೊರುವ ಮಿತಿ ಅಲ್ಲಿಗೇ ಮುಗಿಯುತ್ತದೆ. ಹೊಡೆದ ಕೂಡಲೇ ಗಾಡಿ ಸ್ಪ್ರಿಂಗ್ ಮೇಲೆ ಕುಣಿಯುತ್ತದೆ. ಮೊದಲ ಎರಡು ಮೂರು ಗುಂಡು ಗುರಿಗೆ ಹೋಗಬಹುದು. ಉಳಿದವು ಎಲ್ಲಿಗೆ ಹೋದವು ಅಂತ ಹೊಡೆದವನಿಗೂ ಗೊತ್ತಿರುವುದಿಲ್ಲ. 2011ರಲ್ಲಿ ಲಿಬಿಯಾದ ಮಿಸ್ರಾತಾದ ಟ್ರಿಪೋಲಿ ಬೀದಿಯಲ್ಲಿ ದಂಗೆಕೋರರು ಹೋರಾಡಿದ್ದು ಇಂಥ ಗಾಡಿಗಳಿಂದ. ಅವರ ಕೈಗೆ ಸಿಕ್ಕಿದ್ದು ಅದೇ, ಬೇರೆ ಇರಲಿಲ್ಲ. ಇದೂ ನಿಮ್ಮ ಪ್ರಶ್ನೆಗೆ ಒಂದು ಉತ್ತರವೇ. ಸೋವಿಯತ್ ಕಾಲದ ಈ ಗನ್ ದೇಶದೇಶದ ಗೋದಾಮುಗಳಲ್ಲಿ ರಾಶಿ ಬಿದ್ದಿದೆ, ಕಲಿಯಲು ಕಷ್ಟವಿಲ್ಲ, ಎಳೆದುಕೊಂಡು ಹೋಗಬಹುದು.

1968ರಲ್ಲಿ ವಿಯೆಟ್ನಾಂನ ಹ್ಯೂ ನಗರದಲ್ಲಿ ಅಮೆರಿಕದವರು ಡಸ್ಟರ್ ಅನ್ನುವ ಗಾಡಿ ಬಳಸಿದರು. ಅದರ ಮೇಲಿದ್ದದ್ದು ಜೋಡಿ 40 ಎಂಎಂ ಬೋಫೋರ್ಸ್, ನಮ್ಮ ಎಲ್-70ರ ಹಿಂದಿನ ತಲೆಮಾರು. ಬರ್ಲಿನ್‌ನಲ್ಲಿ 1945ರಲ್ಲಿ ಮೃಗಾಲಯದ ಪಕ್ಕದ ಕಾಂಕ್ರೀಟ್ ಗೋಪುರದ ನೆತ್ತಿಯಲ್ಲಿ 128 ಎಂಎಂ ಜೋಡಿ ಗನ್‌ಗಳಿದ್ದವು. ವಿಮಾನಕ್ಕೆ ಇಟ್ಟಿದ್ದ ಅವನ್ನು ಕೊನೆಗೆ ಬೀದಿಯಲ್ಲಿ ಬರುತ್ತಿದ್ದ ಸೋವಿಯತ್ ಪಡೆಗಳ ಮೇಲೆ ತಿರುಗಿಸಿದರು. ಅದೇ ಗೋಪುರದ ಒಳಗೆ ಆಸ್ಪತ್ರೆ ಇತ್ತು, ಸಾವಿರಾರು ಜನ ಊರಿನವರು ಉಸಿರು ಬಿಗಿಹಿಡಿದು ಕೂತಿದ್ದರು.

ಈಗ, ಪ್ರಯೋಜನ ಇದೆಯಾ ಅನ್ನುವ ಪ್ರಶ್ನೆಗೆ ಬರುತ್ತೇನೆ. ಎದುರಿನ ಕಿಟಕಿಯಲ್ಲಿರುವವನನ್ನು ತಲೆ ಎತ್ತದಂತೆ ಮಾಡುವುದಷ್ಟೇ ಲೆಕ್ಕವಾದರೆ, ಹೌದು, ಬಹಳ ಇದೆ. ಆದರೆ ನನ್ನ ಮಟ್ಟಿಗೆ ಅದು ಅರ್ಧ ಲೆಕ್ಕ.

ಒಡಿಶಾದ ಗೋಪಾಲಪುರದಲ್ಲಿ ನಮ್ಮ ಫೈರಿಂಗ್ ಸಮುದ್ರದ ಕಡೆಗೆ ನಡೆಯುತ್ತಿತ್ತು. ಮೀನುಗಾರರಿಗೆ ಮೊದಲೇ ತಿಳಿಸಿರುತ್ತಾರೆ. ಆದರೂ ಒಂದು ಬೆಳಿಗ್ಗೆ, ಗನ್ ರೆಡಿ, ನಾವು ಹೊಡೆಯಬೇಕಾದ ಗುರಿಯನ್ನು ಹಿಂದೆ ಕಟ್ಟಿ ಎಳೆಯುವ ವಿಮಾನ ಮೇಲೆ ಬಂದಿದೆ, ಅಷ್ಟರಲ್ಲಿ ದೂರದಲ್ಲಿ ಒಂದು ಚಿಕ್ಕ ದೋಣಿ ಕಾಣಿಸಿತು. ಬರಿಗಣ್ಣಿಗೆ ಅಕ್ಕಿಕಾಳಿನಷ್ಟು. ತಕ್ಷಣ ಸ್ಟಾಪ್ ಅಂದರು. ದೋಣಿ ಆಚೆ ಹೋಗುವವರೆಗೆ ಕ್ಲಿಪ್ ಇಳಿಸಿ, ಗನ್ ಪಕ್ಕ ನಿಂತಿದ್ದೆವು. ಒಂದು ಗಂಟೆ ಮೇಲೆ ಆಯಿತು. ಒಬ್ಬರೂ ಬೇಸರ ಮಾಡಿಕೊಳ್ಳಲಿಲ್ಲ. ಗುರಿ ತಪ್ಪಿದ ಗುಂಡು ಎಲ್ಲಿಗೆ ಹೋಗುತ್ತದೆ ಅನ್ನುವುದೇ ನಮಗೆ ಕಲಿಸಿದ ಮೊದಲ ಪಾಠ. ಈ ಗನ್ನನ್ನು ಮಾಡಿರುವುದೇ ಗುರಿಯ ಹಿಂದೆ ಖಾಲಿ ಆಕಾಶ ಇರುತ್ತದೆ ಅಂತ ನಂಬಿಕೊಂಡು. ಊರಲ್ಲಿ ಕಿಟಕಿಯ ಹಿಂದೆ ಇನ್ನೊಂದು ಕೋಣೆ, ಅದರ ಹಿಂದೆ ಪಕ್ಕದ ಮನೆ, ಆಚೆ ಬೀದಿ.

ಖಾಲಿ ಆಕಾಶಕ್ಕೆ ಹೊಡೆದದ್ದೂ ಕೆಳಗೆ ಬೀಳುತ್ತದೆ. 1941ರ ಡಿಸೆಂಬರ್ 7ರಂದು ಜಪಾನಿ ವಿಮಾನಗಳು ಅಮೆರಿಕದ ನೌಕಾನೆಲೆ ಪರ್ಲ್ ಹಾರ್ಬರ್ ಮೇಲೆ ಬಂದಾಗ, ಪಕ್ಕದ ಹೊನೊಲುಲು ಊರಿನಲ್ಲಿ ಸತ್ತ ನಾಗರಿಕರಲ್ಲಿ ಹೆಚ್ಚಿನವರನ್ನು ಕೊಂದದ್ದು ಜಪಾನಿನ ಬಾಂಬ್ ಆಗಿರಲಿಲ್ಲ. ಅಮೆರಿಕದವರೇ ಮೇಲಕ್ಕೆ ಹೊಡೆದು, ಮೇಲೆ ಸಿಡಿಯದೆ ಊರ ಮೇಲೆ ಬಿದ್ದ ವಿಮಾನ ನಿರೋಧಕ ಶೆಲ್‌ಗಳು.

ಬೋಸ್ನಿಯಾದ ರಾಜಧಾನಿ ಸರಾಯೆವೊ ಬಗ್ಗೆ ಓದುವಾಗಲೆಲ್ಲ ನನಗೆ ನಮ್ಮೂರ ಅಂತರಗಂಗೆ ಬೆಟ್ಟ ನೆನಪಾಗುತ್ತದೆ. ಬಸವನ ಬಾಯಿಂದ ನೀರು ಬೀಳುವ ಕಲ್ಯಾಣಿಗೆ ಮೆಟ್ಟಿಲು ಹತ್ತಿ, ಅಲ್ಲಿಂದ ಇನ್ನೂ ಮೇಲೆ ಬಂಡೆಗಳ ಹತ್ತಿರ ಹೋಗಿ ತಿರುಗಿ ನೋಡಿ. ಇಡೀ ಕೋಲಾರ ಕಾಲ ಕೆಳಗೆ ಹಾಸಿಕೊಂಡಿರುತ್ತದೆ. ತಾರಸಿ ಮೇಲೆ ಒಣಗಲು ಹಾಕಿದ ಬಟ್ಟೆ, ನೀರಿನ ಟ್ಯಾಂಕ್, ಬಸ್ ತಿರುಗುವುದು, ಎಲ್ಲ ಕಾಣುತ್ತದೆ. ಸರಾಯೆವೊ ಸುತ್ತ ಹಾಗೆ ಬೆಟ್ಟಗಳಿವೆ. 1992ರಿಂದ 1996ರವರೆಗೆ ಆ ಊರನ್ನು ಮುತ್ತಿದ್ದವರು ಬೆಟ್ಟದ ಮೇಲಿನಿಂದ ವಿಮಾನ ಹೊಡೆಯುವ ಗನ್‌ಗಳನ್ನು ಮನೆಗಳ ಮೇಲೆ, ಬೀದಿಗಳ ಮೇಲೆ ಹೊಡೆದರು. ಊರಿನವರು ಶಬ್ದ ಕೇಳಿಯೇ ಅದು ಪಾಮ್, ಇದು ಪಾಟ್ ಅಂತ ಹೇಳುತ್ತಿದ್ದರು. ಮೊದಲನೆಯದು ವಿಮಾನ ನಿರೋಧಕ ಮೆಷಿನ್ ಗನ್, ಎರಡನೆಯದು ವಿಮಾನ ನಿರೋಧಕ ತೋಪು. 2 ಕಿಲೋಮೀಟರ್ ದೂರಕ್ಕೆ ನಮ್ಮ 40 ಎಂಎಂ ಗುಂಡು ಸುಮಾರು ಮೂರು ಸೆಕೆಂಡಲ್ಲಿ ತಲುಪುತ್ತದೆ. ಒಣಗಿದ ಬಟ್ಟೆ ತೆಗೆದುಕೊಳ್ಳಲು ತಾರಸಿಗೆ ಬಂದ ಹೆಂಗಸಿಗೆ ಶಬ್ದ ಕೇಳುವುದು ಅದಾದ ಮೇಲೆ.

ಗೋಡೆ ಕಾಪಾಡುತ್ತದೆ ಅಂದುಕೊಳ್ಳಬೇಡಿ. ನಮ್ಮ ಕಡೆಯ ಹಳೇ ಮನೆಗಳಿಗೆ ಕಲ್ಲು ಚಪ್ಪಡಿಯೇ ಗೋಡೆ, ಚಪ್ಪಡಿಯೇ ಚಾವಣಿ. ನಮ್ಮಪ್ಪ ಬಂಡೆ ಒಡೆಯುವ ಕೆಲಸ ಮಾಡುತ್ತಿದ್ದರು. ಸುತ್ತಿಗೆ ಏಟಿಗೆ ಹಾರಿದ ಒಂದು ಚಕ್ಕೆ, ಹುಣಸೆ ಬೀಜದಷ್ಟು ದೊಡ್ಡದು, ಅವರ ಕೆನ್ನೆ ಸೀಳಿಕೊಂಡು ಹೋಗಿತ್ತು. ಆ ಗಾಯದ ಗೆರೆ ಕೊನೆಯವರೆಗೂ ಇತ್ತು. ಅದು ಮನುಷ್ಯನ ತೋಳಿನ ಬಲ. 23 ಎಂಎಂ ಸಿಡಿಗುಂಡು ಅದೇ ಕಲ್ಲಿಗೆ ಬಡಿದರೆ ಗುಂಡಿನ ಚೂರುಗಳ ಜೊತೆ ಕಲ್ಲಿನ ಚಕ್ಕೆಗಳೂ ಹಾರುತ್ತವೆ. ಒಂದಲ್ಲ, ಸೆಕೆಂಡಿಗೆ ಮೂವತ್ತು ಸಲ.

ಊರೊಳಗೆ ಇಂಥ ಸಿಡಿಯುವ ಆಯುಧ ಬಳಸುವುದಕ್ಕೆ ಕಡಿವಾಣ ಹಾಕಬೇಕು ಅಂತ 2022ರ ನವೆಂಬರ್‌ನಲ್ಲಿ ಡಬ್ಲಿನ್‌ನಲ್ಲಿ 80ಕ್ಕೂ ಹೆಚ್ಚು ದೇಶಗಳು ಒಂದು ಘೋಷಣೆಗೆ ಒಪ್ಪಿದವು. ಅದು ಕಾನೂನು ಅಲ್ಲ, ಮಾತು ಕೊಟ್ಟದ್ದು ಅಷ್ಟೇ. ಅಷ್ಟಾದರೂ ಆಯಿತಲ್ಲ ಅಂತ ನನಗೆ ಸಮಾಧಾನ.

ನಮ್ಮಲ್ಲಿ ಈ ಗನ್ ಈಗಲೂ ಕೆಲಸಕ್ಕೆ ಬರುತ್ತಾ ಅಂತ ನಿಮ್ಮ ಪ್ರಶ್ನೆಯ ಕೊನೆಯಲ್ಲಿ ಕೇಳಿದ್ದೀರಿ. ಬರುತ್ತದೆ. 2025ರ ಮೇ ತಿಂಗಳಲ್ಲಿ ಪಾಕಿಸ್ತಾನದ ಕಡೆಯಿಂದ ಡ್ರೋನ್‌ಗಳು ಬಂದಾಗ ಅವನ್ನು ಹೊಡೆದದ್ದರಲ್ಲಿ ಎಲ್-70, ಜೂ-23, ಶಿಲ್ಕಾ ಮೂರೂ ಇದ್ದವು. ಆ ರಾತ್ರಿ ನನ್ನ ಜೊತೆ ಇದ್ದ ಹಳೇ ಗನ್ನರ್‌ಗಳೆಲ್ಲ ಒಬ್ಬರಿಗೊಬ್ಬರು ಫೋನ್ ಮಾಡಿದೆವು. ಟಿವಿಯಲ್ಲಿ ಕತ್ತಲೆ ಆಕಾಶಕ್ಕೆ ಕೆಂಪು ಗೆರೆ ಏರುವುದು ಕಾಣುತ್ತಿತ್ತು. ನಳಿಗೆ ಮೇಲೆ ನೋಡುತ್ತಿತ್ತು.