ಹಳೆಯ ದೃಶ್ಯಕ್ಕೆ ದುಡ್ಡು ಯಾಕೆ?

ಮಲ್ಪೆಯಿಂದ ಪತ್ರ ಬರೆದ ಓದುಗರಿಗೆ ನಮಸ್ಕಾರ.

ನಿಮ್ಮ ಮಗ ಮೀನುಗಾರಿಕೆಯ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದಾರೆ. ಅರ್ಧ ನಿಮಿಷದ ಹಳೆಯ ದೃಶ್ಯಕ್ಕೆ, ಅಂಥ ದೃಶ್ಯಗಳನ್ನು ಕೂಡಿಟ್ಟು ದುಡ್ಡಿಗೆ ಕೊಡುವ ಫುಟೇಜ್ ಸಂಸ್ಥೆಯೊಂದು ಹೇಳಿದ ರೇಟು ಕೇಳಿ ಅವರು ಕಂಗಾಲಾಗಿದ್ದಾರೆ. 'ಯೂಟ್ಯೂಬಿನಲ್ಲಿ ಪುಕ್ಕಟೆ ಸಿಗುವುದನ್ನು ಮಾರುವುದು ಯಾವ ನ್ಯಾಯ?' ಎಂದು ಕೇಳಿದ್ದೀರಿ. ನಿಮ್ಮ ಸಿಟ್ಟು ಅರ್ಥವಾಗುತ್ತದೆ. ಆದರೂ ನಾನು ಆ ಸಂಸ್ಥೆಗಳ ಪರವಾಗಿಯೇ ಮಾತಾಡುತ್ತೇನೆ.

ನೋಡುವುದು ಬೇರೆ, ಬಳಸುವುದು ಬೇರೆ. ಹಳೆಯ ಸುದ್ದಿಚಿತ್ರಗಳ ಸಂಗ್ರಹವಿರುವ ಬ್ರಿಟಿಷ್ ಪಾಥೆ ಸಂಸ್ಥೆ 2014ರಲ್ಲಿ ತನ್ನ ಸುಮಾರು 85,000 ಚಿತ್ರಗಳನ್ನು ಯೂಟ್ಯೂಬಿಗೆ ಹಾಕಿತು. ಯಾರು ಬೇಕಾದರೂ ನೋಡಬಹುದು. ತಮ್ಮ ಚಿತ್ರಕ್ಕೆ ಸೇರಿಸಿಕೊಳ್ಳಲು ಮಾತ್ರ ಲೈಸೆನ್ಸ್ ಬೇಕು. ನಮ್ಮ ಕಾಯಿದೆಯಲ್ಲೂ ಸಿನಿಮಾದ ಕಾಪಿರೈಟ್ ಅದು ಹೊರಬಂದ ಮರುವರ್ಷದಿಂದ 60 ವರ್ಷ ಇರುತ್ತದೆ.

ಇನ್ನು, ದುಡ್ಡು ಯಾವ ಕೆಲಸಕ್ಕೆ? ಡಬ್ಬದ ಮೇಲೆ 'ಬಂದರು, ದೋಣಿಗಳು' ಎಂದಷ್ಟೇ ಬರೆದಿದ್ದರೆ ಅದು ಮಲ್ಪೆಯೋ, ಮಂಗಳೂರಿನ ಧಕ್ಕೆ ಬಂದರೋ, ಕಾರವಾರವೋ ಯಾರಿಗೆ ಗೊತ್ತು? ಯಾರಾದರೂ ಕೂತು ಒಂದೊಂದೇ ಶಾಟ್ ನೋಡಿ ಹೀಗೆ ಬರೆಯಬೇಕು: ಜನ ಎರಡು ಸಾಲಾಗಿ ನಿಂತು ರಂಪಣಿ ಬಲೆಯನ್ನು ದಡಕ್ಕೆ ಎಳೆಯುತ್ತಿದ್ದಾರೆ. ಹೆಂಗಸರು ಬುಟ್ಟಿಗೆ ಬೂತಾಯಿ ಮೀನು ತುಂಬುತ್ತಿದ್ದಾರೆ. ಪರ್ಸೀನ್ ಬೋಟು (ಮೀನಿನ ಹಿಂಡನ್ನೇ ದೊಡ್ಡ ಬಲೆಯಿಂದ ಸುತ್ತುವ ಯಂತ್ರದ ದೋಣಿ) ಒಂದೂ ಕಾಣುತ್ತಿಲ್ಲ, ಹಾಗಾದರೆ 70ರ ದಶಕದ ಕೊನೆಗಿಂತ ಮುಂಚಿನದಿರಬಹುದು. ಇಷ್ಟು ಬರೆದಿಟ್ಟರೆ ಮಾತ್ರ ಹುಡುಕುವವರ ಕೈಗೆ ಆ ದೃಶ್ಯ ಸಿಗುತ್ತದೆ. ಇಲ್ಲದಿದ್ದರೆ ಬೇರೆ ಯಾವುದೋ ಊರಿನ ಕಡಲನ್ನು ನಮ್ಮದೆಂದು ತೋರಿಸಿಬಿಡುತ್ತಾರೆ. ಆ ದಡದಲ್ಲೇ ಬಲೆ ಎಳೆದ ಹಿರಿಯರಿಗೆ ಅದಕ್ಕಿಂತ ಬೇಸರ ಇನ್ನೇನಿದೆ?

ರೇಟಿನ ವಿಷಯಕ್ಕೆ ಬರುತ್ತೇನೆ. ಪೂರ್ತಿ ದುಡ್ಡು ಈಗಲೇ ಕಟ್ಟಬೇಕಾಗಿಲ್ಲ. ಮೊದಲು ಮೂಲೆಯಲ್ಲಿ ಟೈಮ್‌ಕೋಡ್ (ನಿಮಿಷ, ಸೆಕೆಂಡಿನ ಲೆಕ್ಕ) ಓಡುವ, ಮೇಲೆ ಸಂಸ್ಥೆಯ ಹೆಸರಿರುವ ಪ್ರತಿ ಕೇಳಿ. ಅದರಲ್ಲೇ ಎಡಿಟಿಂಗ್ ಮುಗಿಸಲಿ. ಅರ್ಧ ನಿಮಿಷ ಅಂದುಕೊಂಡದ್ದು ಹತ್ತು ಸೆಕೆಂಡಿಗೆ ಇಳಿಯಬಹುದು. ಕನಿಷ್ಠ ಇಷ್ಟು ಸೆಕೆಂಡಿಗೆ ಕೊಡಲೇಬೇಕು ಎಂಬ ಷರತ್ತು ಇದೆಯಾ ಅಂತಲೂ ವಿಚಾರಿಸಲಿ. ಚಿತ್ರೋತ್ಸವಕ್ಕೆ ಮಾತ್ರ ಎಂದರೆ ಸಾಮಾನ್ಯವಾಗಿ ಕಡಿಮೆ, ಟಿವಿ, ಓಟಿಟಿ ಎಂದರೆ ಜಾಸ್ತಿ. ದೃಶ್ಯದ ಹಿಂದೆ ಹಾಡು ಕೇಳಿಸಿದರೆ ಅದರ ಹಕ್ಕು ಬೇರೆಯವರದ್ದಿರಬಹುದು, ಎಚ್ಚರ.

ಪತ್ರದ ಕೊನೆಗೆ ನಿಮ್ಮ ಮಾವನವರ ಸ್ಟುಡಿಯೋದ ವಿಎಚ್‌ಎಸ್ ಕ್ಯಾಸೆಟ್‌ಗಳು ಅಟ್ಟದಲ್ಲಿವೆ, ಎಸೆಯೋಣವೇ ಎಂದಿದ್ದೀರಿ. ದಯವಿಟ್ಟು ಎಸೆಯಬೇಡಿ! ಮದುವೆ, ಭೂತಕೋಲ, ಉಡುಪಿ ಪರ್ಯಾಯದ ಮೆರವಣಿಗೆ ಎಲ್ಲ ಅದರಲ್ಲಿರಬಹುದು. ನಮ್ಮ ಕರಾವಳಿಯ ತೇವಕ್ಕೆ ಟೇಪಿಗೆ ಬೇಗ ಬೂಷ್ಟು ಬರುತ್ತದೆ. ಬೂಷ್ಟು ಹಿಡಿದದ್ದನ್ನು ಸುಮ್ನೆ ಪ್ಲೇಯರಿಗೆ ಹಾಕಬೇಡಿ, ಟೇಪೂ ಹಾಳು, ಪ್ಲೇಯರೂ ಹಾಳು. ಹೊಸ ಪ್ಲೇಯರ್ ಸಿಗುವುದೂ ಕಷ್ಟ. ಕೊನೆಯವರೆಗೂ ಅವನ್ನು ಮಾಡುತ್ತಿದ್ದ ಜಪಾನಿನ ಫುನಾಯ್ ಕಂಪನಿ 2016ರಲ್ಲೇ ತಯಾರಿಕೆ ನಿಲ್ಲಿಸಿತು. ಕ್ಯಾಸೆಟ್‌ಗಳನ್ನು ಅಟ್ಟದಿಂದ ಇಳಿಸಿ ಒಣಗಿದ ಜಾಗದಲ್ಲಿ ನೆಟ್ಟಗೆ ನಿಲ್ಲಿಸಿಡಿ. ಮಾವನವರ ಪಕ್ಕ ಕೂತು ಯಾವುದರಲ್ಲಿ ಏನಿದೆ, ಯಾವ ವರ್ಷದ್ದು, ಯಾರ ಮನೆಯದು ಎಂದು ಅವರಿಂದಲೇ ಕೇಳಿ ಬರೆದುಕೊಳ್ಳಿ. ಮುಂದೆ ಯಾವುದಾದರೂ ಸಂಸ್ಥೆ ಕೊಳ್ಳಲು ಬಂದರೆ, ಹಕ್ಕು ಪೂರ್ತಿ ಅವರಿಗೇ ಹೋಗುತ್ತದೋ, ನಿಮ್ಮಲ್ಲೂ ಉಳಿಯುತ್ತದೋ ಎಂಬುದನ್ನು ಓದಿ ನೋಡಿಯೇ ಸಹಿ ಹಾಕಿ.

— ಸಂಪಾದಕ